ಒಂದು ಗೇಣು ನೆಲ

ನಮ್ಮ ಊರಿನಲ್ಲಿ ಬೆಳಕು ಕೆಳಗಿನಿಂದ ಬರುತ್ತದೆ. ಹೊರಗಿನಿಂದ ಬರುವ ಬಟ್ಟೆ ವ್ಯಾಪಾರಿಗಳು ಮೊದಲ ಎರಡು ದಿನ ತಲೆ ಎತ್ತಿ ಆಕಾಶದಲ್ಲಿ ಏನನ್ನೋ ಹುಡುಕುತ್ತಾರೆ, ಮೂರನೆಯ ದಿನ ಕತ್ತು ನೋವೆಂದು ಬಿಟ್ಟುಬಿಡುತ್ತಾರೆ. ಮೇಲೆ ಬೂದಿಬಣ್ಣ ಬಿಟ್ಟರೆ ಏನೂ ಇಲ್ಲ. ಕೆಳಗೆ ಮಂಜುಗಡ್ಡೆ, ಅದರ ಕೆಳಗೆ ನೀರು, ನೀರಿನೊಳಗೆ ಎಲ್ಲೋ ಬೆಳಕು. ಗಡ್ಡೆ ತೆಳ್ಳಗಿರುವ ಕಡೆ ಚೆನ್ನಾಗಿ ಕಾಣುತ್ತದೆ, ಆದರೆ ಒಡೆಯುವ ಭಯ. ದಪ್ಪಗಿರುವ ಕಡೆ ಭಯವಿಲ್ಲ, ಆದರೆ ಸಾರಿನಲ್ಲಿರುವುದು ಮೀನೋ ಸೌಟೋ ಎಂದು ಬಾಯಿಗಿಟ್ಟ ಮೇಲೇ ಗೊತ್ತಾಗುವುದು. ಮುಖಕ್ಕೆ ಬೆಳಕು ಗದ್ದದ ಕಡೆಯಿಂದ ಬೀಳುವುದರಿಂದ ಹೆಣ್ಣು ನೋಡಲು ಹೋದವರು ಗದ್ದ ನೋಡಿಕೊಂಡು ಬರುತ್ತಾರೆ. ಹಣೆ ಹೇಗಿದೆ ಎಂದು ಯಾರೂ ಕೇಳುವುದಿಲ್ಲ.

ನಾನು ಈ ಊರಿನ ಅಳತೆಯವನು, ಹೆಸರು ಪಂಪಣ್ಣ. ಕೈಯಲ್ಲಿ ಗೀಟು ಹಾಕಿದ ಕೋಲು, ಹೆಗಲ ಮೇಲೆ ಬೈರಿಗೆ. ವರ್ಷಕ್ಕೊಮ್ಮೆ ಪ್ರತಿ ಮನೆಯ ನೆಲಕ್ಕೆ ತೂತು ಕೊರೆದು, ಗಡ್ಡೆ ಎಷ್ಟು ದಪ್ಪವಿದೆ ನೋಡಿ, ಆ ಮನೆ ಎಷ್ಟು ಮಣ ಭಾರ ತಡೆಯುತ್ತದೆಂದು ಬಾಗಿಲ ಮೇಲೆ ಬರೆಯುವುದು ನನ್ನ ಕೆಲಸ. ಮನೆಯವರು, ಪಾತ್ರೆ ಪಡಗ, ಬಂದ ನೆಂಟರು ಎಲ್ಲ ಸೇರಿ ಅಷ್ಟರೊಳಗೇ ಇರಬೇಕು. ಒಂದೂವರೆ ಗೇಣು ಗಡ್ಡೆಯ ಬೆಳಕಿನ ಬೀದಿಯಲ್ಲಿ ಇದು ಬಹಳ ಬಿಗಿ, ಅಲ್ಲಿ ಅತ್ತೆ ಬಂದರೆ ಮಾವ ಬರುವಂತಿಲ್ಲ. ಮೂರು ಗೇಣಿನ ಗಟ್ಟಿ ಬೀದಿಯಲ್ಲಿ ಯಾರು ಎಷ್ಟು ಉಂಡರೂ ಕೇಳುವವರಿಲ್ಲ. ನನ್ನನ್ನು ಕಂಡರೆ ಜನ ಹೊಟ್ಟೆ ಒಳಗೆಳೆದುಕೊಳ್ಳುತ್ತಾರೆ. ಅದರಿಂದ ತೂಕ ಇಳಿಯುವುದಿಲ್ಲ ಎಂದು ಹೇಳಿ ಹೇಳಿ ನನಗೆ ಸಾಕಾಗಿದೆ.

ಕೊಟ್ರಪ್ಪ ಮತ್ತು ಅವನ ಹೆಂಡತಿ ದ್ಯಾವಕ್ಕ ಗಟ್ಟಿ ಬೀದಿಯವರು. ಒಂದೇ ಕೋಣೆಯ ಮನೆ, ಒಲೆ ಹೊರಗೆ ಜಗಲಿಯ ಮೇಲೆ. ಕೊಟ್ರಪ್ಪ ಊರಾಚೆ ಗಡ್ಡೆ ಕಡಿದು, ಚಕ್ರವಿಲ್ಲದ ಬಂಡಿಯ ಮೇಲೆ ಎಳೆದು ತಂದು ಮನೆಮನೆಗೆ ನೀರಿಗೆ ಹಾಕುವವನು. ಹನ್ನೊಂದು ಮಣದ ಆಳು, ಬೆಳಕಿನ ಬೀದಿಯನ್ನು ದೂರದಿಂದ ಮಾತ್ರ ನೋಡಿದವನು. ದ್ಯಾವಕ್ಕ ನಾಲ್ಕೂವರೆ ಮಣ, ಕೌದಿ ಹೊಲಿಯುವವಳು. ನಮ್ಮಲ್ಲಿ ಕೌದಿ ಹೊದೆಯುವುದಕ್ಕಲ್ಲ, ನೆಲ ಮುಚ್ಚುವುದಕ್ಕೆ. ಡೋಲು ಬಾರಿಸಿದಾಗ ಕೌದಿ ಹಾಸಿದರೆ ರಾತ್ರಿ, ಮತ್ತೆ ಬಾರಿಸಿದಾಗ ಎತ್ತಿದರೆ ಹಗಲು. ಒಂದು ಹೊಲಿಗೆ ಸಡಿಲವಾದರೂ ಅಲ್ಲಿಂದ ಬೆಳಕು ಮೇಲೆದ್ದು ಸೂರಿಗೆ ತಾಗುತ್ತದೆ, ಮಕ್ಕಳು ಮಲಗುವುದಿಲ್ಲ. ದ್ಯಾವಕ್ಕನ ಕೌದಿ ಹಾಸಿದ ಮನೆಯಲ್ಲಿ ಗಂಡ ಯಾರು ಗೋಡೆ ಯಾವುದು ಎಂದು ಮುಟ್ಟಿಯೇ ತಿಳಿಯಬೇಕು ಎಂಬ ಮಾತಿತ್ತು. ಮೂವತ್ತು ವರ್ಷ ಅವಳು ಆ ಹೆಸರು ಉಳಿಸಿಕೊಂಡಿದ್ದಳು.

ಒಂದು ದಿನ ಬೆಳಕಿನ ಬೀದಿಯ ಹೆಂಗಸೊಬ್ಬಳು ಕೌದಿಯನ್ನು ಸುತ್ತಿಕೊಂಡು ವಾಪಸು ತಂದಳು.

"ಸೋರ್ತೈತೆ ದ್ಯಾವಕ್ಕ. ಮೂರು ಕಡೆ."

ದ್ಯಾವಕ್ಕ ಬೆರಳಾಡಿಸಿ ನೋಡಿದಳು. ಮೂರಲ್ಲ, ಏಳು ಕಡೆ ಹೊಲಿಗೆ ತಪ್ಪಿತ್ತು. "ನಮ್ಮ ಬೀದೀಲಿ ಬೆಳಕು ಸಾಲ್ದು ಕಣವ್ವ," ಅಂದಳು.

"ಕುಣೀಲಾರದೋಳು ನೆಲ ಡೊಂಕು ಅಂದ್ಲಂತೆ," ಎಂದು ಆ ಹೆಂಗಸು ಕೌದಿ ಅಲ್ಲೇ ಬಿಟ್ಟು ಹೋದಳು.

ಈ ಗಾದೆಯನ್ನು ನಮ್ಮೂರಲ್ಲಿ ಯೋಚಿಸಿ ಆಡಬೇಕು, ಏಕೆಂದರೆ ಇಲ್ಲಿ ಮುಕ್ಕಾಲು ಪಾಲು ತಪ್ಪು ನೆಲದ್ದೇ ಆಗಿರುತ್ತದೆ. ಆದರೆ ದ್ಯಾವಕ್ಕನಿಗೆ ಕಣ್ಣು ಮಸುಕಾಗುತ್ತಿದ್ದದ್ದೂ ನಿಜ. ಸೂಜಿಗೆ ದಾರ ಪೋಣಿಸುವುದರೊಳಗೆ ಒಲೆಯ ಮೇಲಿಟ್ಟ ಗಂಜಿ ಸೀಯುತ್ತಿತ್ತು. ಕೌದಿ ವಾಪಸು ಬಂದದ್ದು ಬೀದಿಗೆಲ್ಲ ಗೊತ್ತಾಯಿತು, ಊರ ಬಾಯಿಗೆ ಮುಚ್ಚಳ ಉಂಟೆ. ಅವಳಿಗೆ ಬಂದ ಸಂಕಟ ಅಷ್ಟಿಷ್ಟಲ್ಲ. ಹೊಲಿಗೆ ಬಿಟ್ಟರೆ ತಾನು ಏನು ಎಂದು ಅವಳಿಗೆ ಗೊತ್ತಿರಲಿಲ್ಲ. ಮಾರನೆಯ ದಿನವೇ ಗಂಡನನ್ನು ಕರೆದುಕೊಂಡು ನನ್ನ ಹತ್ತಿರ ಬಂದಳು.

"ಬೆಳಕಿನ ಬೀದಿ ಮೂಲೆ ಮನೆ ಖಾಲಿ ಐತಂತಲ್ಲ ಪಂಪಣ್ಣ. ಅದನ್ನ ನಮಗೆ ಬರ್ಕೊಡಪ್ಪ."

"ಆ ಮನೆ ತಡೆಯೋದು ಹನ್ನೆರಡು ಮಣ ಅಕ್ಕ. ನೀನು ನಾಲ್ಕೂವರೆ, ಕೊಟ್ರಪ್ಪ ಹನ್ನೊಂದು."

"ನಮ್ಮಾತ ಒಂದೊತ್ತು ಉಪಾಸ ಇರ್ತಾನೆ."

"ಆಯ್ತು, ಇನ್ನೊಂದೊತ್ತು? ಬರೀ ಮೂಳೆ ತೂಗಿದ್ರೂ ಅವ್ನು ಎಂಟು ಮಣ ಬರ್ತಾನೆ. ಆ ಮೈ ಹೊತ್ಕೊಂಡು ಬೆಳಕಿನ ಬೀದಿಗೆ ಬರೋಕಾಗಲ್ಲ."

ಕೊಟ್ರಪ್ಪ ಬಾಗಿಲ ಹೊರಗೆ ನಿಂತಿದ್ದ. ನನ್ನ ಮನೆ ಅವನನ್ನು ತಡೆಯುವುದಿಲ್ಲವೆಂದು ಒಳಗೆ ಬಂದಿರಲಿಲ್ಲ. ನಾನು ಹೇಳಿದ್ದು ಕಾಯಿದೆಯೇ, ಅದರಲ್ಲಿ ತಪ್ಪಿರಲಿಲ್ಲ. ಆದರೆ ಹೆಂಡತಿಗೆ ಬೆಳಕು ಸಿಗುವುದಕ್ಕೆ ಅವನ ಮೈಯೇ ಅಡ್ಡ ಎಂದು ಗಂಡನ ಕಿವಿಗೆ ಬೀಳುವ ಹಾಗೆ ಹೇಳಿದೆನಲ್ಲ, ಅದನ್ನು ನೆನೆದರೆ ನನಗೆ ಈಗಲೂ ನಾಚಿಕೆಯಾಗುತ್ತದೆ.

ಮುಂದಿನದನ್ನು ಆಮೇಲೆ ಕೊಟ್ರಪ್ಪನೇ ನನಗೆ ಹೇಳಿದ. ಇಪ್ಪತ್ತು ದಿನ ಅರೆಹೊಟ್ಟೆಯಲ್ಲಿದ್ದು ನೋಡಿದನಂತೆ. ಇಳಿದದ್ದು ಮೂರು ಸೇರು. ಗಡ್ಡೆ ಕಡಿಯಲು ಕೈ ಏಳಲಿಲ್ಲ. ಆಗ ಅವನಿಗೆ ಬೇರೆ ಯೋಚನೆ ಬಂತು. ತಾವು ತೆಳು ಗಡ್ಡೆಗೆ ಹೋಗಲಾಗದಿದ್ದರೆ ತೆಳು ಗಡ್ಡೆಯನ್ನೇ ತಮ್ಮ ಮನೆಗೆ ತರಬಹುದಲ್ಲ. ದ್ಯಾವಕ್ಕ ಕೌದಿ ಕೊಡಲು ಹೋದಾಗ ಉಳಿ ಹಿಡಿದು ಮನೆಯ ನೆಲ ಕೆತ್ತತೊಡಗಿದ. ಹುಟ್ಟಿದಾಗಿನಿಂದ ಮಾಡಿದ ಕೆಲಸ, ಕೈ ಪಳಗಿತ್ತು. ಗೋಡೆಯಿಂದ ಗೋಡೆಗೆ ಒಂದೇ ಸಮ, ಒಂದು ಸಲಕ್ಕೆ ಅರ್ಧ ಬೆರಳು. ಕೆತ್ತಿದ ಪುಡಿಯನ್ನು ಹಂಡೆಗೆ ತುಂಬಿದ. ಹೆಂಡತಿ ಬಂದು, ಹೇಳದೆಯೇ ಹಂಡೆ ತುಂಬಿದ್ದಾನೆಂದು ಖುಷಿಪಟ್ಟಳು. ಅಲ್ಲಿಂದ ಏಳು ತಿಂಗಳು ಅವರಿಬ್ಬರೂ ಕುಡಿದದ್ದು, ಬೇಯಿಸಿದ್ದು, ಮೈಗೆ ಹುಯ್ದುಕೊಂಡದ್ದು ಆ ಮನೆಯ ನೆಲವನ್ನೇ.

ಅದೇ ಸಮಯಕ್ಕೆ ದ್ಯಾವಕ್ಕ ಸಣ್ಣೀರಜ್ಜಿಯ ಹತ್ತಿರ ಕಣ್ಣಿಗೆ ಮದ್ದು ಹಾಕಿಸಿಕೊಳ್ಳುತ್ತಿದ್ದಳು. ಸಣ್ಣೀರಜ್ಜಿ ನಮ್ಮೂರಿನ ನಾಟಿ ವೈದ್ಯೆ, ಹಲ್ಲುನೋವಿಗೂ ಬಂಜೆತನಕ್ಕೂ ಅವಳ ಹತ್ತಿರ ಇರುವುದು ಒಂದೇ ಎಣ್ಣೆ, ಮೀನಿನದು. ಅದನ್ನೇ ಕಣ್ಣಿಗೂ ಬಿಟ್ಟಳು. ಎರಡು ತಿಂಗಳಿಗೆ ದ್ಯಾವಕ್ಕ ಒಂದೇ ಏಟಿಗೆ ದಾರ ಪೋಣಿಸಿದಳು. ವಾಪಸು ಬಂದಿದ್ದ ಕೌದಿಯನ್ನು ಬಿಚ್ಚಿ ಮತ್ತೆ ಹೊಲಿದು, ತಾನೇ ಹೊತ್ತುಕೊಂಡು ಹೋಗಿ ಆ ಹೆಂಗಸಿನ ಮನೆಯಲ್ಲಿ ಹಾಸಿ, "ಈಗ ಹುಡುಕವ್ವ ತೂತು," ಎಂದು ಬಂದಳು. ಸಣ್ಣೀರಜ್ಜಿಯ ಬಾಗಿಲಲ್ಲಿ ಜನ ಸಾಲುಗಟ್ಟಿದರು. ಅವರಲ್ಲಿ ನಾಲ್ವರಿಗೆ ಕಣ್ಣು ಕೆಂಪಾಗಿ ಊದಿಕೊಂಡಿತು, ಆದರೆ ದ್ಯಾವಕ್ಕನ ಮನೆಗೆ ಬಂದು ಕೂತ ಕೂಡಲೇ ಅವರಿಗೂ ಎಲ್ಲ ಚೆನ್ನಾಗಿ ಕಾಣುತ್ತಿತ್ತು. ಮದ್ದು ಹಾಕಿಸಿಕೊಂಡವರ ಗಾಳಿ ತಾಕಿದರೂ ಗುಣವಿದೆ ಎಂದು ಮಾತಾಯಿತು. ನೆಲ ಯಾರಿಗೂ ಕಾಣಲಿಲ್ಲವೇ ಎಂದರೆ, ಇನ್ನೊಬ್ಬರ ಮನೆಯ ಬೆಳಕಿನ ಬಗ್ಗೆ ಬಾಯಿಬಿಡುವುದು ನಮ್ಮಲ್ಲಿ ಮರ್ಯಾದೆಯಲ್ಲ. ಹಸಿವಾದವನ ಎದುರು ನೀನು ಏನು ಉಂಡೆ ಎಂದು ಕೇಳಿದ ಹಾಗೆ.

ದ್ಯಾವಕ್ಕನಿಗೆ ಒಂದೇ ಒಂದು ಚಿಂತೆ ಉಳಿದಿತ್ತು. ಸೂರಿಗೆ ಕಟ್ಟಿದ ನೆಲುವು ಕೈಗೆ ಎಟುಕುತ್ತಿರಲಿಲ್ಲ. ಹೊಸ್ತಿಲು ದಾಟಲು ಕಾಲನ್ನು ಮೊದಲಿಗಿಂತ ಎತ್ತರಕ್ಕೆ ಎತ್ತಬೇಕಾಗುತ್ತಿತ್ತು. "ನಾನು ಕುಗ್ತಾ ಇದ್ದೀನಿ," ಎಂದು ಗಂಡನಿಗೆ ಹೇಳಿದಳು. "ಕಣ್ಣು ಚಿಗುರ್ತಾ ಐತೆ, ಮೈ ಕುಗ್ತಾ ಐತೆ. ದೇವ್ರು ಒಂದು ಕೈಲಿ ಕೊಟ್ಟು ಇನ್ನೊಂದು ಕೈಲಿ ಕಿತ್ಕೋತಾನೆ ನೋಡು." ಕೊಟ್ರಪ್ಪ ನೆಲುವಿನ ಹಗ್ಗ ಉದ್ದ ಮಾಡಿದ, ಹೊಸ್ತಿಲ ಒಳಗೆ ಮೆಟ್ಟಿಲಿಗೆಂದು ಒಂದು ಮರದ ದಿಮ್ಮಿ ತಂದಿಟ್ಟ.

ಅವನು ಒಂದು ಗೇಣು ಕೆತ್ತಿ ನಿಲ್ಲಿಸಬಹುದಿತ್ತು. ನಿಲ್ಲಿಸಿಯೂ ಇದ್ದ. ಆದರೆ ಮದ್ದು ಹಾಕಿದ ಮಾತ್ರಕ್ಕೆ ಕಣ್ಣು ತನ್ನ ದಾರಿ ಬಿಡುತ್ತದೆಯೇ, ಅದು ಮಸುಕಾಗುತ್ತಲೇ ಇತ್ತು. ಹತ್ತು ದಿನಕ್ಕೊಮ್ಮೆ ದ್ಯಾವಕ್ಕ ಸೂಜಿಯನ್ನು ಕಣ್ಣಿನ ಹತ್ತಿರ ಹಿಡಿದು, "ಯಾಕೋ ಇವತ್ತು ಮಬ್ಬು," ಎನ್ನುತ್ತಿದ್ದಳು. ಆ ಮುಖ ನೋಡಲಾಗದೆ ಅವನು ಮತ್ತೆ ಉಳಿ ಹಿಡಿಯುತ್ತಿದ್ದ. ಐದನೆಯ ತಿಂಗಳಿಗೆ ಅವನೊಂದು ದಿನ ಒಳಗೆ ಕಾಲಿಟ್ಟಾಗ ನೆಲ ಟಕ್ಕೆಂದಿತು. ಗಡ್ಡೆಯ ಸದ್ದು ಗಡ್ಡೆಯವನಿಗೆ ಗೊತ್ತು. ಕಾಲು ಹಿಂದಕ್ಕೆ ತೆಗೆದ. ಅಂದಿನಿಂದ ಮನೆಯೊಳಗೆ ನಿಲ್ಲಲಿಲ್ಲ. ದ್ಯಾವಕ್ಕ ಇಲ್ಲದಾಗ ಹೊಸ್ತಿಲ ಮೇಲೆ ಬೋರಲು ಮಲಗಿ, ಉದ್ದ ಹಿಡಿಕೆಯ ಉಳಿ ಚಾಚಿ ಕೆತ್ತುತ್ತಿದ್ದ. ಊಟ ಜಗಲಿಯ ಮೇಲೆ, ನಿದ್ದೆ ಬಂಡಿಯ ಮೇಲೆ.

"ಒಳಗ್ ಬಂದು ಉಣ್ಣು," ಎಂದು ದ್ಯಾವಕ್ಕ ಕರೆದಳು.

"ಇಲ್ಲೇ ತಣ್ಣಗೈತೆ," ಅಂದ ಕೊಟ್ರಪ್ಪ.

ನಮ್ಮೂರಲ್ಲಿ ಇದುವರೆಗೆ ಯಾರೂ ಆಡದ ಮಾತು ಅದು. ದ್ಯಾವಕ್ಕ ತಟ್ಟೆಯನ್ನು ಜಗಲಿಯ ಮೇಲಿಟ್ಟು ಒಳಗೆ ಹೋದಳು. ಮೊದಲು ಸಿಟ್ಟು ಎಂದುಕೊಂಡಳು, ಆಮೇಲೆ ಕಾಯಿಲೆ, ಆಮೇಲೆ ಇನ್ನೇನೋ. ಕೊನೆಗೆ ಸಣ್ಣೀರಜ್ಜಿಯ ಹತ್ತಿರ ಹೇಳಿಕೊಂಡಳು. "ಕಣ್ಣು ಕಾಣ್ದೆ ಇದ್ದಾಗ ಪಕ್ಕದಾಗೇ ಬಿದ್ದಿರ್ತಿದ್ದ. ಈಗ ಕಾಣ್ತೈತೆ, ಮುಖ ನೋಡಾಣ ಅಂದ್ರೆ ಒಳಕ್ಕೇ ಬರಾಕಿಲ್ಲ. ಕಣ್ಣು ಬಂದು ನಾನೇನ್ ಮಾಡ್ಲಿ ಅಜ್ಜಿ." ಸಣ್ಣೀರಜ್ಜಿ ಅದಕ್ಕೂ ಎಣ್ಣೆ ಕೊಟ್ಟಳು.

ಇಷ್ಟರ ಮೇಲೆ ಬೆಳಕಿನ ಬೀದಿಯಲ್ಲಿ ಒಂದು ಮದುವೆ ಗೊತ್ತಾಯಿತು. ಚಪ್ಪರದ ನೆಲವಿಡೀ ಮುಚ್ಚುವ ಕೌದಿ ಬೇಕೆಂದು ದ್ಯಾವಕ್ಕನಿಗೇ ಹೇಳಿದರು. ಅಷ್ಟು ದೊಡ್ಡ ಕೌದಿ ಊರಿನಲ್ಲಿ ಯಾರೂ ಹೊಲಿದಿರಲಿಲ್ಲ. ಅವಳು ಹಿಗ್ಗಿ ಹೀರೇಕಾಯಿಯಾಗಿ ಹಳೇ ಬಟ್ಟೆಯ ಎರಡು ಮೂಟೆ ತರಿಸಿ ಒಳಗೆ ಹಾಕಿಸಿಕೊಂಡಳು. ಕೊಟ್ರಪ್ಪ ಜಗಲಿಯ ಮೇಲೆ ಕೂತು ಆ ಮೂಟೆಗಳನ್ನು ನೋಡುತ್ತಿದ್ದನಂತೆ. ಹೇಳಿದರೆ ಅವಳ ಕಣ್ಣು ಹೋಗುತ್ತದೆ, ಹೇಳದಿದ್ದರೆ ಅವಳೇ ಹೋಗುತ್ತಾಳೆ. ಇವತ್ತು ಹೇಳುತ್ತೇನೆ, ನಾಳೆ ಹೇಳುತ್ತೇನೆ ಎಂದುಕೊಂಡು ಒಂಬತ್ತು ದಿನ ಕಳೆದ. ಹತ್ತನೆಯ ದಿನ ನಾನು ಅಳತೆಗೆ ಹೋದೆ.

ದ್ಯಾವಕ್ಕ ಕೋಣೆಯ ನಡುವೆ ಮೂಟೆಗಳ ಪಕ್ಕ ಕೂತು ಹೊಲಿಯುತ್ತಿದ್ದಳು. ಅವಳ ಮುಖವನ್ನು ಅಷ್ಟು ಸ್ಪಷ್ಟವಾಗಿ ನಾನು ನೋಡಿದ್ದೇ ಇಲ್ಲ, ಹಣೆಯ ಗೆರೆಗಳೂ ಕಾಣುತ್ತಿದ್ದವು. "ಬಾರಪ್ಪ ಪಂಪಣ್ಣ, ನಿನ್ನ ಕೋಲಿನ ಗೀಟು ಇಲ್ಲಿಂದ್ಲೇ ಎಣಿಸ್ಲೇನು?" ಎಂದಳು. ಎಣಿಸಿದಳು ಕೂಡ. ಕೊಟ್ರಪ್ಪ ಜಗಲಿಯ ಮೇಲೆ ತಲೆ ತಗ್ಗಿಸಿ ಕೂತಿದ್ದ. ನಾನು ಹೊಸ್ತಿಲ ಒಳಗಿನ ದಿಮ್ಮಿಯ ಮೇಲೆ ಕೂತು ಬೈರಿಗೆ ಊರಿದೆ. ಗಟ್ಟಿ ಬೀದಿಯಲ್ಲಿ ಬೈರಿಗೆ ತಿರುಗಿಸುವುದೆಂದರೆ ಎರಡು ಸಲ ಎಲೆಯಡಿಕೆ ಹಾಕುವಷ್ಟು ಹೊತ್ತಿನ ಕೆಲಸ. ಇಲ್ಲಿ ಹತ್ತು ಸುತ್ತಿಗೆ ಅದು ಕೈಯಿಂದ ಜಾರಿ ಕೆಳಗಿಳಿಯಿತು. ತೂತಿನಿಂದ ಬೆಳಕು ಎದ್ದು ಸೂರಿಗೆ ಹೊಡೆಯಿತು. ಕೋಲು ಇಳಿಸಿದೆ. ಒಂದು ಗೇಣು, ಅದೂ ನನ್ನ ಗೇಣು ಸಣ್ಣದು.

"ಅಕ್ಕ, ಎದ್ದು ನಿಲ್ಬೇಡ," ಅಂದೆ. "ಸೂಜಿ ಅಲ್ಲೇ ಬಿಡು. ಅಂಗೈ ಊರ್ಕೊಂಡು ಹಂಗೇ ಸರ್ಕೊಂಡು ಬಾ."

ಅವಳು ಸೂಜಿಯನ್ನು ಮಾತ್ರ ಬಿಡಲಿಲ್ಲ. ಉಳಿದದ್ದೆಲ್ಲ ಹೇಳಿದಂತೆ ಮಾಡಿದಳು. ಮೂಟೆಗಳಿಗೆ ಹಗ್ಗ ಎಸೆದು ಎಳೆದುಕೊಂಡೆವು. ಜಗಲಿಯ ಮೇಲೆ ಮೂವರೂ ಕೂತ ಮೇಲೆ ಕೊಟ್ರಪ್ಪ ಎಲ್ಲವನ್ನೂ ಹೇಳಿದ. ಹಂಡೆಯ ನೀರಿನಿಂದ ಹಿಡಿದು ನೆಲುವಿನ ಹಗ್ಗದವರೆಗೆ.

"ಹಂಗಾದ್ರೆ ನಾನು ಕುಗ್ಗಿಲ್ವಾ?" ಎಂದು ದ್ಯಾವಕ್ಕ ಕೇಳಿದಳು.

"ಇಲ್ಲ."

"ಕಣ್ಣು?"

ಕೊಟ್ರಪ್ಪ ಬೀದಿಯ ಕಡೆ ಮುಖ ತಿರುಗಿಸಿದ. ಅವಳು ಎದ್ದು ಗಂಡನ ಬೆನ್ನಿಗೆ ಎರಡು ಗುದ್ದಿದಳು, ಅವನು ಇನ್ನೆರಡಕ್ಕೆ ಬೆನ್ನು ಕೊಟ್ಟ. ಆಮೇಲೆ ಅಲ್ಲೇ ಅವನ ಪಕ್ಕ ಕೂತು ಅತ್ತಳು.

ನೆಲ ಕೆತ್ತಿದವನನ್ನು ಊರು ಬಿಡಿಸಬೇಕೆಂಬುದು ಕಾಯಿದೆ. ನಾನು ತಾನಾಗಿ ಸವೆದದ್ದು ಎಂದು ಬರೆದುಕೊಂಡೆ. ಇಪ್ಪತ್ತಾರು ವರ್ಷದಲ್ಲಿ ನಾನು ಬರೆದ ಮೊದಲ ಸುಳ್ಳು ಅದು. ಆದರೆ ನೆಲವನ್ನು ಹಾಗೆ ಬಿಡುವಂತಿರಲಿಲ್ಲ. ಮೂರು ದಿನದಲ್ಲಿ ನೀರು ಹುಯ್ಯಲು ಶುರುಮಾಡಿ ಮತ್ತೆ ಮೂರು ಗೇಣು ಕಟ್ಟಿಸಬೇಕು, ಅಲ್ಲಿಯವರೆಗೆ ನಾಲ್ಕೂವರೆ ಮಣಕ್ಕಿಂತ ಹೆಚ್ಚು ಅದರ ಮೇಲೆ ಬೀಳಬಾರದು ಎಂದು ಹೇಳಿದೆ. ಆಮೇಲೆ, ನಮ್ಮಲ್ಲಿ ಗಂಡಹೆಂಡಿರ ಮುಂದೆ ಯಾರೂ ಆಡದ ಮಾತನ್ನು ಆಡಿದೆ. "ಮೂಲೆ ಮನೆ ಇನ್ನೂ ಖಾಲಿ ಐತೆ. ಅಕ್ಕ ಒಬ್ಳೇ ಆದ್ರೆ ನಾನು ಬರ್ಕೊಡ್ತೀನಿ."

"ಬರ್ಕೊಡು," ಎಂದವನು ಕೊಟ್ರಪ್ಪ. ಹೆಂಡತಿ ಬಾಯಿ ತೆರೆಯುವ ಮೊದಲೇ ಎದ್ದು ಬಂಡಿ ಗುಡಿಸತೊಡಗಿದ.

ಮೂರು ದಿನ ದ್ಯಾವಕ್ಕ ಒಬ್ಬಳೇ ಆ ನೆಲದ ಮೇಲೆ ಕೂತು, ಬಟ್ಟೆಯನ್ನು ಹಿಡಿ ಹಿಡಿಯಾಗಿ ಒಳಗೆ ತಂದುಕೊಂಡು, ಹೊಲಿದಷ್ಟನ್ನು ಹೊರಗೆ ಸರಿಸುತ್ತಾ, ಮದುವೆಯ ಕೌದಿ ಮುಗಿಸಿದಳು. ಅದನ್ನು ಒಯ್ಯಲು ಬಂದ ಮದುವೆ ಮನೆಯವರು, ಇನ್ನು ನೀನು ನಮ್ಮ ಬೀದಿಯವಳೇ ಬಿಡು ಎಂದು ಹರಸಿದರು. ಮೂರನೆಯ ದಿನ ನಾನು ಪರವಾನಗಿ ಹಿಡಿದುಕೊಂಡು, ಕೊಡ ಹೊತ್ತ ಎಂಟು ಜನರ ಜೊತೆ ಹೋದೆ. ಬಂಡಿಯ ಮೇಲೆ ದ್ಯಾವಕ್ಕನ ಗಂಟು, ಚಾಪೆ, ಸೂಜಿಡಬ್ಬಿ, ಒಂದು ತಟ್ಟೆ, ಎಲ್ಲ ಕಟ್ಟಿಯಾಗಿತ್ತು. ಬೀದಿ ತಿರುವಿನವರೆಗೆ ತಾನು ಎಳೆಯುತ್ತೇನೆ, ಅಲ್ಲಿಂದಾಚೆ ನೀನು ಎಳಿ ಎಂದು ಕೊಟ್ರಪ್ಪ ನನಗೆ ಹೇಳಿದ.

ದ್ಯಾವಕ್ಕ ಹೊಸ್ತಿಲಲ್ಲಿ ನಿಂತಿದ್ದಳು. "ನೀರು ಹುಯ್ಯೋಕ್ಕಿಂತ ಮೊದ್ಲು ನಮ್ಮಾತನ್ನ ಒಳಗ್ ಕಳ್ಸು," ಅಂದಳು. "ನಾನು ನೋಡ್ಬೇಕು."

"ಅವ್ನ ಭಾರಕ್ಕೆ ಒಡೀತದೆ ಅಕ್ಕ. ಕಾಯಿದೆ ಪ್ರಕಾರ ಆಗಲ್ಲ."

"ಏಳು ತಿಂಗ್ಳು ಎಲ್ಲಿ ಹೋಗಿತ್ತಪ್ಪ ನಿನ್ನ ಕಾಯಿದೆ?"

ಬೋರಲು ಮಲಗಿದರೆ ಭಾರ ಹಂಚಿಹೋಗುತ್ತದೆ, ಹೊಟ್ಟೆಯ ಮೇಲೆ ತೆವಳಿಕೊಂಡು ಹೋಗಲಿ ಎಂದೆ. ಸೊಂಟಕ್ಕೆ ಹಗ್ಗ ಕಟ್ಟಿ, ತುದಿಯನ್ನು ಎಂಟು ಜನರ ಕೈಗೆ ಕೊಟ್ಟೆ. ಕೊಟ್ರಪ್ಪ ಕೈಕಾಲು ಹರಡಿಕೊಂಡು ತೆವಳಿ ಕೋಣೆಯ ನಡುವಿಗೆ ಹೋಗಿ, ಕೆನ್ನೆಯನ್ನು ನೆಲಕ್ಕೊತ್ತಿ ಹೆಂಡತಿಯ ಕಡೆ ಮುಖ ಮಾಡಿ ಮಲಗಿದ. ಅವನ ಮೈ ಬೆಳಕನ್ನೆಲ್ಲ ಮುಚ್ಚಿ ಸೂರು ಕತ್ತಲಾಯಿತು. ಮುಖದ ಮೇಲೆ ಮಾತ್ರ ಬೆಳಕಿತ್ತು, ಹಣೆಯವರೆಗೂ.

ದ್ಯಾವಕ್ಕ ಹೊಸ್ತಿಲ ಮೇಲೆ ಕುಕ್ಕರಗಾಲಲ್ಲಿ ಕೂತು ನೋಡಿದಳು.

"ಮೂಗಿನ ಪಕ್ಕ ಮಚ್ಚೆ ಯಾವಾಗ ಬಂತು?"

"ಮೊದ್ಲಿಂದ್ಲೂ ಐತೆ."

"ಹುಬ್ಬು ಬೆಳ್ಳಗಾಗ್ಯಾವೆ."

"ಆಗಿರ್ಬೋದು."

"ಅಳ್ತಾ ಇದ್ದೀಯಾ?"

"ಇಲ್ಲ. ಗಡ್ಡೆ ಕರಗಿ ಮುಖಕ್ಕೆ ತಾಕ್ತೈತೆ."

ಅವಳು ಇನ್ನೂ ನೋಡುತ್ತಲೇ ಇದ್ದಳು. ನೆಲ ಟಕ್ಕೆಂದಿತು, ನಾನು ಸಾಕು ಎಂದೆ. ಅವಳಿಗೆ ಸಾಕಾಗಲಿಲ್ಲ. ಎರಡನೆಯ ಸಲ ಟಕ್ಕೆಂದಾಗ ಎಂಟು ಜನರೂ ಹಗ್ಗ ಎಳೆದು ಅವನನ್ನು ಹೊರಗೆ ತಂದರು. ಕೊಟ್ರಪ್ಪ ಮುಖ ಒರೆಸಿಕೊಂಡು ಬಂಡಿಯ ಹಗ್ಗ ಹೆಗಲಿಗೆ ಹಾಕಿಕೊಂಡ. "ಹೊರಡಾಣ," ಅಂದ.

ದ್ಯಾವಕ್ಕ ಹತ್ತಿರ ನಿಂತಿದ್ದವನ ಕೈಯಿಂದ ಕೊಡ ತೆಗೆದುಕೊಂಡು ಒಳಗಿನ ನೆಲಕ್ಕೆ ಹುಯ್ದಳು. ಇನ್ನೊಂದು ತೆಗೆದುಕೊಂಡು ಹುಯ್ದಳು. ನೀರು ಬಿದ್ದ ಕಡೆಯಲ್ಲೇ ಬಿಳಿಚಿ ಕಟ್ಟತೊಡಗಿತು, ಮನೆಯ ಬೆಳಕು ಮಸುಕಾಯಿತು. ಕೊಟ್ರಪ್ಪ ಹಗ್ಗ ಬಿಟ್ಟು ಓಡಿ ಬಂದು ಮೂರನೆಯ ಕೊಡಕ್ಕೆ ಕೈ ಅಡ್ಡ ಹಿಡಿದ.

"ನಿಂಗೇನು ಹುಚ್ಚಾ? ಅಲ್ಲಿ ಬೆಳಕೈತೆ. ಇಲ್ಲಿ ಕೂತು ಏನ್ ಹೊಲೀತೀಯ?"

"ಹೊಲಿಯಾಕಾಗಲ್ಲ," ಎಂದಳು ದ್ಯಾವಕ್ಕ. "ಇನ್ನು ಹೊಲಿಯಾಕಾಗಲ್ಲ. ಗೊತ್ತೈತೆ. ಕೈ ತೆಗಿ."

ಅವನು ಕೈ ತೆಗೆದ. ಅವಳು ಮೂರನೆಯ ಕೊಡವನ್ನೂ ಹುಯ್ದು ನನ್ನ ಕಡೆ ತಿರುಗಿದಳು. ಈಗ ಅವಳ ಗದ್ದ ಮಾತ್ರ ಕಾಣುತ್ತಿತ್ತು.

"ಮೂರು ಗೇಣು ಕಟ್ಟಾಕೆ ಎಷ್ಟು ದಿನ ಬೇಕಪ್ಪ?"

"ಎಂಟು," ಅಂದೆ.

ಅವಳು ಖಾಲಿ ಕೊಡವನ್ನು ಗಂಡನ ಕೈಗೆ ಕೊಟ್ಟಳು. "ಎಂಟು ದಿನ ನಾವಿಬ್ರೂ ಜಗಲಿ ಮೇಲಿರಾಣ," ಅಂದಳು. "ಒಂಬತ್ತನೇ ದಿನ ನಿನ್ನ ಹನ್ನೊಂದು ಮಣಾನೂ ತಗೊಂಡು ಒಳಗ್ ಬಂದು ಮಲಕ್ಕೊ."